ಹುಟ್ಟಿದ ತಾರೀಖು ತಪ್ಪಾಗಿ ಅರ್ಜಿ ರಿಜೆಕ್ಟ್ ಆಗಿದ್ದರೆ

ನಮಸ್ಕಾರ ಸರ್. ಶಹಾಪುರದಲ್ಲಿ ಸೈಬರ್ ಸೆಂಟರಿನವರು ನಿಮ್ಮ ಹುಟ್ಟಿದ ತಾರೀಖು 21 ಇದ್ದದ್ದನ್ನು 12 ಅಂತ ಹೊಡೆದರು, ಸರ್ಕಾರಿ ಹುದ್ದೆಯ ತಾತ್ಕಾಲಿಕ ಪಟ್ಟಿಯಲ್ಲಿ 'ತಿರಸ್ಕೃತ' ಅಂತ ಬಂದಿದೆ, ಈಗೇನು ಮಾಡಲಿ ಅಂತ ಕೇಳಿದ್ದೀರಿ.

ಮೊದಲು ಪಟ್ಟಿ ಹಾಕಿದ ಕಚೇರಿಗೆ ಆಕ್ಷೇಪಣೆ ಕೊಡಿ. ಕೊನೆ ದಿನ ಪಟ್ಟಿಯ ಜೊತೆಗೇ ಹಾಕಿರ್ತಾರೆ. ಎಸ್ಸೆಸ್ಸೆಲ್ಸಿ ಮಾರ್ಕ್ಸ್ ಕಾರ್ಡ್ ಜೆರಾಕ್ಸ್ ಲಗತ್ತಿಸಿ. ನಿಮ್ಮ ಪ್ರತಿ ಮೇಲೆ ಸೀಲು, ಸಹಿ, ತಾರೀಖು ಹಾಕಿಸಿಕೊಳ್ಳದೆ ಟಪಾಲು ಸೆಕ್ಷನ್ ಬಿಟ್ಟು ಕದಲಬೇಡಿ. ನಾನೊಮ್ಮೆ ಸುಮ್ನೆ ಕೊಟ್ಟು ಬಂದೆ, ಆಮೇಲೆ 'ನಿಮ್ಮ ಅರ್ಜಿನೇ ಬಂದಿಲ್ಲ' ಅಂದರು!

ಅವರು ಒಪ್ಪದಿದ್ದರೆ ರಾಜ್ಯ ಸರ್ಕಾರದ ನೇಮಕಾತಿಗೆ ನೇರ ಹೈಕೋರ್ಟ್ ಅಲ್ಲ, ಮೊದಲು ಕೆಎಟಿ, ಅಂದರೆ ಕರ್ನಾಟಕ ಆಡಳಿತ ನ್ಯಾಯಮಂಡಳಿ. ಅದರ ಪೀಠ ಕಲಬುರಗಿಯಲ್ಲೇ ಇದೆ, ಬೆಂಗಳೂರು ಬಸ್ ಹತ್ತಬೇಕಿಲ್ಲ. ಅಂತಿಮ ಆದೇಶದಿಂದ 1 ವರ್ಷದ ಟೈಮ್ ಇದೆ ನಿಜ, ಆದರೆ ಅಷ್ಟು ಕಾದರೆ ಹುದ್ದೆ ತುಂಬಿಬಿಡುತ್ತೆ ಅಲ್ವಾ? ಬೇಗ ಹೋಗಿ ಮಧ್ಯಂತರ ಆದೇಶ (ಕೇಸ್ ಮುಗಿಯೋವರೆಗಿನ ತಾತ್ಕಾಲಿಕ ಆದೇಶ) ಕೇಳಿ.

ವಕೀಲರಿಗೆ ಬಿಹಾರದ ಪೊಲೀಸ್ ಕಾನ್‌ಸ್ಟೇಬಲ್ ನೇಮಕಾತಿ ಕೇಸ್ ನೆನಪಿಸಿ. ಅಲ್ಲೂ ಹೀಗೇ, 18 ಬದಲು 8 ಅಂತ ಬಿದ್ದಿತ್ತು. ಇದು ಸಣ್ಣ ತಪ್ಪು, ಇದರಿಂದ ಅವನಿಗೆ ಲಾಭವೇನೂ ಆಗಿಲ್ಲ ಅಂತ 2024ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಅಭ್ಯರ್ಥಿ ಪರವಾಗಿಯೇ ತೀರ್ಪು ಕೊಟ್ಟಿತು. ನಿಮ್ಮದರಲ್ಲೂ ಎರಡೂ ತಾರೀಖಿಗೆ ವಯೋಮಿತಿ ಸರಿಹೊಂದುತ್ತಾ ನೋಡಿಕೊಳ್ಳಿ. ಹೊಂದಿದರೆ ನಿಮ್ಮ ಕೇಸ್ ಗಟ್ಟಿ.