ಸ್ಟಾರ್ ಅಲ್ಲದವರ ಎರಡನೇ ಇನಿಂಗ್ಸ್

ಮೈಕಲ್ ಜೋರ್ಡಾನ್, ಮ್ಯಾಜಿಕ್ ಜಾನ್ಸನ್ ಬಿಟ್ಟು, ಆಟ ನಿಂತ ಮೇಲೂ ವ್ಯವಹಾರದಲ್ಲಿ ಚೆನ್ನಾಗಿ ಬೆಳೆದ ಎನ್‌ಬಿಎ (ಅಮೆರಿಕದ ಬಾಸ್ಕೆಟ್‌ಬಾಲ್ ಲೀಗ್) ಆಟಗಾರರು ಯಾರಾದರೂ ಇದ್ದಾರಾ ಅಂತ ಕೇಳಿದ್ದೀರಿ. ಇದ್ದಾರೆ. ನನಗೆ ತಟ್ಟನೆ ನೆನಪಾಗುವುದು ಜೂನಿಯರ್ ಬ್ರಿಡ್ಜ್‌ಮನ್.

1975ರಲ್ಲಿ ದೊಡ್ಡ ಸ್ಟಾರ್ ಕರೀಂ ಅಬ್ದುಲ್ ಜಬ್ಬಾರ್ ಮಿಲ್ವಾಕೀ ಬಕ್ಸ್ ತಂಡ ಬಿಟ್ಟು ಲೇಕರ್ಸ್ ತಂಡ ಸೇರಿದರಲ್ಲ, ಅವರ ಬದಲಿಗೆ ಬಕ್ಸ್‌ಗೆ ಬಂದ ನಾಲ್ವರಲ್ಲಿ ಬ್ರಿಡ್ಜ್‌ಮನ್ ಕೂಡ ಒಬ್ಬರು. 12 ಸೀಸನ್ ಆಡಿದರು, ಅದೂ ಹೆಚ್ಚಾಗಿ ಬೆಂಚಿನಿಂದ ಎದ್ದು ಬಂದು, ಅಂದರೆ ಬದಲಿ ಆಟಗಾರನಾಗಿ. ಅವರು ಪಡೆದ ಅತಿ ದೊಡ್ಡ ಸಂಬಳ ವರ್ಷಕ್ಕೆ ಸುಮಾರು 3.5 ಲಕ್ಷ ಡಾಲರ್. ಈಗಿನ ಆಟಗಾರರ ಮುಂದೆ ಅದು ಏನೂ ಅಲ್ಲ.

ಅವರು ಸುಮ್ನೆ ಹಣ ಹಾಕಿ ಕೂರಲಿಲ್ಲ. ವೆಂಡೀಸ್ ಬರ್ಗರ್ ಅಂಗಡಿಗಳನ್ನು ಕೊಂಡು, ತಾವೇ ಒಳಗೆ ನಿಂತು ಕೆಲಸ ಕಲಿತರು. ಟಿವಿಯಲ್ಲಿ ನೋಡಿದ ಆಟಗಾರ ಅಡುಗೆಮನೆಯಲ್ಲಿ ಬರ್ಗರ್ ಮಾಡ್ತಾ ಇದ್ದರೆ ಹೇಗಿರುತ್ತೆ ಹೇಳಿ! ನನಗೆ ಅವರ ಮೇಲೆ ಗೌರವ ಬಂದಿದ್ದೇ ಇಲ್ಲಿ. ಮುಂದೆ ಅಂಗಡಿಗಳು ನೂರು ದಾಟಿದವು. ಆಮೇಲೆ ಅವನ್ನು ಮಾರಿ ಕೋಕಾ-ಕೋಲಾವನ್ನು ಬಾಟಲಿಗೆ ತುಂಬಿ ಮಾರುವ ವ್ಯವಹಾರಕ್ಕೆ ಇಳಿದರು. 2024ರಲ್ಲಿ ತಾವು ಆಡಿದ್ದ ಬಕ್ಸ್ ತಂಡದಲ್ಲೇ 10% ಪಾಲು ಕೊಂಡರು. 2025ರ ಮಾರ್ಚ್‌ನಲ್ಲಿ ತೀರಿಕೊಂಡರು. ಫೋರ್ಬ್ಸ್ ಪತ್ರಿಕೆಯ ಲೆಕ್ಕದಲ್ಲಿ ಅವರ ಆಸ್ತಿ 140 ಕೋಟಿ ಡಾಲರ್ ಇತ್ತು.

ಡೇವ್ ಬಿಂಗ್ ಬಗ್ಗೆಯೂ ಓದಿ. ಅವರು ಆಟದಲ್ಲಿ ದೊಡ್ಡ ಸ್ಟಾರೇ, ಆದರೂ ಬಿಡುವಿನ ತಿಂಗಳುಗಳಲ್ಲಿ ಬ್ಯಾಂಕಿನಲ್ಲಿ ದುಡಿಯುತ್ತಿದ್ದರು. 1980ರಲ್ಲಿ ನಾಲ್ಕು ಕೆಲಸಗಾರರೊಂದಿಗೆ ಉಕ್ಕಿನ ಕಂಪನಿ ಶುರು ಮಾಡಿದರು. 2009ರಲ್ಲಿ ಡೆಟ್ರಾಯಿಟ್ ನಗರದ ಮೇಯರ್ ಆದರು.