ನಟರ ಡೇಟ್ ಅಷ್ಟಮಿಗೆ ಸಿಕ್ಕರೆ

ಅಘನಾಶಿನಿ ಹೊಳೆಯ ಬಳಚಿನ (ಕೆಸರಲ್ಲಿ ಸಿಗುವ ಚಿಪ್ಪಿನ ಜೀವಿ) ಬಗ್ಗೆ ಡಾಕ್ಯುಮೆಂಟರಿ ಮಾಡ್ತಿದ್ದೇನೆ, ಸಿನಿಮಾ ನಟರೊಬ್ಬರು ಒಪ್ಪಿದ್ದಾರೆ, ಅವರ ಮುಖವೂ ಬೇಕಾ, ಧ್ವನಿ ಸಾಕಾ ಅಂತ ಕೇಳಿದ್ದೀರಿ. ಓದಿ ಹೊಟ್ಟೆ ಚುರ್ ಅಂತು. ನಾನೂ ಕುಮಟಾ ಕಡೆ ಇದೇ ಹೊಳೆಯಲ್ಲಿ ಇದನ್ನೇ ಮಾಡಲು ಹೋಗಿದ್ದವನು.

ನಮಗೆ ಸಿಕ್ಕ ನಟರು ಒಳ್ಳೆಯವರು, ದುಡ್ಡೂ ಕೇಳಲಿಲ್ಲ. ಒಂದೇ ದಿನ ಬಿಡುವು ಅಂದರು. ನಾನು ಹಿಂದೆಮುಂದೆ ನೋಡದೆ ಹೂಂ ಅಂದೆ. ಕೆಟ್ಟಿದ್ದು ಅಲ್ಲೇ. ಆ ದಿನ ಅಷ್ಟಮಿ.

ಅಷ್ಟಮಿಯಾದರೆ ಏನಾಯ್ತು ಅಂತೀರಾ? ಬಳಚು ಹೆಕ್ಕುವುದು ಇಳಿತದಲ್ಲಿ. ಅಮಾವಾಸ್ಯೆ, ಹುಣ್ಣಿಮೆ ಹತ್ತಿರ ಸೂರ್ಯ ಚಂದ್ರ ಒಂದೇ ಸಾಲಲ್ಲಿ ನಿಂತು ಎಳೆಯುತ್ತವೆ, ನೀರು ಚೆನ್ನಾಗಿ ಇಳಿದು ದಿಬ್ಬ ಏಳುತ್ತದೆ. ಅಷ್ಟಮಿಗೆ ಒಂದು ಒಂದು ಕಡೆ, ಇನ್ನೊಂದು ಅಡ್ಡಕ್ಕೆ. ನೀರು ಅರ್ಧಂಬರ್ಧ ಇಳಿದು ನಿಲ್ಲುತ್ತದೆ. ಸಾಲದ್ದಕ್ಕೆ ಇಳಿತದ ಹೊತ್ತು ದಿನಕ್ಕೆ ಸುಮಾರು 50 ನಿಮಿಷ ಮುಂದೆ ಹೋಗುತ್ತದೆ. ಒಂದು ವಾರ ಕಳೆದರೆ ಇಳಿತವಿದ್ದ ಹೊತ್ತಿಗೆ ಉಬ್ಬರ! ಅಮಾವಾಸ್ಯೆ ದಿನ ಬೆಳಿಗ್ಗೆ ಆರೂವರೆಗೆ ದಿಬ್ಬ ಕಂಡಿದ್ದೆ. ಅದೇ ಆರೂವರೆಗೆ ಕ್ಯಾಮೆರಾ ಇಟ್ಟೆ.

ಎದುರಿಗೆ ಎದೆಮಟ್ಟ ನೀರು. ನಟರು ಪ್ಯಾಂಟು ಮಡಚಿಕೊಂಡು ದಡದಲ್ಲೇ ನಿಂತರು. ಬಳಚು ಹೆಕ್ಕುವ ಹೆಂಗಸರು ಯಾರೂ ಇಲ್ಲ. ಕೊನೆಗೆ ಪರಿಚಯದ ಅಜ್ಜಿಯೊಬ್ಬರನ್ನು ಮನೆಯಿಂದ ಕರೆಸಿ, ಪೇಟೆಯಿಂದ ತಂದ ಬಳಚನ್ನು ಕೆಸರಲ್ಲಿ ಹರಡಿ ಹೆಕ್ಕಿಸಿದೆ. ಅಜ್ಜಿ ಒಂದು ಚಿಪ್ಪು ಎತ್ತಿ ಮೂಸಿ ನೋಡಿ, "ಇದು ನಿನ್ನೇದು, ತಮಾ" ಅಂದರು. ಮೈಕಿನಲ್ಲಿ ಸ್ಪಷ್ಟವಾಗಿ ಬಂದಿದೆ.

ಚಿತ್ರವನ್ನು ಶಿರಸಿಯಲ್ಲಿ ತೋರಿಸಿದಾಗ ಮೂರು ಪ್ರಶ್ನೆ ಬಂದವು. ಮೂರೂ ನಟರ ಬಗ್ಗೆ.

ಹಾಗಾಗಿ ಮುಖವೋ ಧ್ವನಿಯೋ ಅನ್ನೋ ಪ್ರಶ್ನೆಯೇ ನನಗೆ ಸರಿ ಕಾಣಲ್ಲ. 'ಗಂಧದ ಗುಡಿ' ಇಲ್ವಾ ಅಂತೀರಿ, ಗೊತ್ತು. 2022ರಲ್ಲಿ ಬಂದ ಆ ಚಿತ್ರದಲ್ಲಿ ಪುನೀತ್ ಪುನೀತ್ ಆಗಿಯೇ ಇದ್ದಾರೆ. ನಿರ್ದೇಶಕ ಅಮೋಘವರ್ಷ ಜೊತೆ ಕಾಡು ಸುತ್ತಿದರು, ನೇತ್ರಾಣಿ ದ್ವೀಪದಲ್ಲಿ ಸಮುದ್ರಕ್ಕೂ ಇಳಿದರು. ಒಂದು ದಿನಕ್ಕೆ ಬಂದು ಹೋದ ಅತಿಥಿ ಅಲ್ಲ. ಇನ್ನು ಜನ ನೋಡೋದು ಸ್ಟಾರ್ ಮುಖ ಮಾತ್ರ ಅನ್ನೋದೂ ಸುಳ್ಳು. 2021ರಲ್ಲಿ ಗಿಡ ನೆಟ್ಟು ಬೆಳೆಸಿದ ನಮ್ಮ ಅಂಕೋಲಾದ ತುಳಸಿ ಗೌಡ ಬರಿಗಾಲಲ್ಲಿ ಹೋಗಿ ಪದ್ಮಶ್ರೀ ತಗೊಂಡಿದ್ದನ್ನು ದೇಶವೇ ನೋಡಿತು, ಅಲ್ವಾ?

ಮೊದಲು ನಟರಿಲ್ಲದೆ ಹತ್ತು ದಿನ ಶೂಟ್ ಮಾಡಿ. ಅವರು ಬೇಕೇ ಬೇಕು ಅಂದರೆ ಅಮಾವಾಸ್ಯೆಗೆ ಕರೆಸಿ, ಬುಟ್ಟಿ ಕೊಟ್ಟು ಕೆಸರಿಗೆ ಇಳಿಸಿ. ಅಂದಹಾಗೆ, ಅವರು ಕೊಟ್ಟ ದಿನ ಯಾವ ತಿಥಿ ಬರುತ್ತೆ? ನೋಡಿ ಹೇಳಿ.