ಗಾಳಿ ಹಡಗಿನ ಮಾತು ಕೇಳುವುದಿಲ್ಲ
ಹಳೆಯ ಅರಬ್ಬಿ ಸಾಹಿತ್ಯ: ಓದುಗರ ಪ್ರಶ್ನೆ, ತಜ್ಞರ ಉತ್ತರ

ಪ್ರಶ್ನೆ: ನನ್ನ ಊರು ಮಂಗಳೂರು. ದುಬೈಯಲ್ಲಿ ಸರಕು ಸಾಗಣೆ ಕಂಪನಿಯೊಂದರಲ್ಲಿ ಕೆಲಸ. ಕಳೆದ ತಿಂಗಳು ನಮ್ಮ ಕಂಟೇನರ್ ಒಂದು ವಾರಗಟ್ಟಲೆ ತಡವಾಯಿತು. ನಾವೆಲ್ಲ ತಲೆ ಮೇಲೆ ಕೈ ಹೊತ್ತು ಕುಳಿತಿದ್ದಾಗ ಸಿರಿಯಾದ ಮ್ಯಾನೇಜರ್ ನಕ್ಕು, ಗಾಳಿ, ಹಡಗು ಅಂತ ಏನೋ ಒಂದು ಸಾಲು ಹೇಳಿದರು. ಸಾವಿರ ವರ್ಷ ಹಿಂದಿನ ಕವಿಯದ್ದಂತೆ. ಅಷ್ಟು ಹಳೆಯದು ಈಗಿನವರಿಗೆ ನಿಜವಾಗಿ ಅರ್ಥವಾಗುತ್ತದೆಯೇ, ಸುಮ್ನೆ ಬಾಯಿಪಾಠವೇ?

ಉತ್ತರ: ಅವರು ಹೇಳಿದ್ದು ಬಹುಶಃ ಅಲ್ ಮುತನಬ್ಬಿಯ ಸಾಲು. "ಮನುಷ್ಯ ಬಯಸಿದ್ದೆಲ್ಲ ಅವನ ಕೈಗೆ ಬರುವುದಿಲ್ಲ, ಹಡಗು ಬಯಸದ ಕಡೆಗೂ ಗಾಳಿ ಬೀಸುತ್ತದೆ" ಎಂಬುದು ಅದರ ತಿರುಳು. ನಾವು "ತಾನೊಂದು ಬಗೆದರೆ ದೈವವೊಂದು ಬಗೆಯಿತು" ಅನ್ನುತ್ತೇವಲ್ಲ, ಆ ಜಾಗದಲ್ಲಿ ಅವರಿಗೆ ಈ ಸಾಲು. ಸರಕು ಸಾಗಣೆಯವರ ಬಾಯಲ್ಲಿ ಇನ್ನೂ ಚೆನ್ನಾಗಿ ಒಪ್ಪುತ್ತದೆ ಬಿಡಿ!

ಮುತನಬ್ಬಿ ಹುಟ್ಟಿದ್ದು 915ರಲ್ಲಿ, ಇರಾಕಿನ ಕೂಫಾದಲ್ಲಿ. ನಮ್ಮ ಪಂಪ ಹುಟ್ಟಿದ್ದು 902ರಲ್ಲಿ. ಅಂದರೆ ಇಬ್ಬರೂ ಒಂದೇ ಕಾಲದವರು. ಪಂಪ 941ರಲ್ಲಿ ಅರಿಕೇಸರಿಯನ್ನು ಅರ್ಜುನನ ಜೊತೆ ಸಮೀಕರಿಸಿ ಕಾವ್ಯ ಬರೆದ. ಕೆಲವೇ ವರ್ಷಗಳ ನಂತರ, 948ರಲ್ಲಿ, ಮುತನಬ್ಬಿ ಸಿರಿಯಾದ ಅಲೆಪ್ಪೊದ ದೊರೆ ಸೈಫುದ್ದೌಲನ ಆಸ್ಥಾನ ಸೇರಿದ. ದೊರೆ ಬೈಜಾಂಟಿಯನ್ನರ (ಪೂರ್ವ ರೋಮನ್ ಸಾಮ್ರಾಜ್ಯದವರ) ಮೇಲೆ ಯುದ್ಧ ಮಾಡುತ್ತಿದ್ದ, ಕವಿ ಆ ಯುದ್ಧಗಳನ್ನು ಹಾಡುತ್ತಿದ್ದ. ಒಂಬತ್ತು ವರ್ಷ ಹೀಗೆ ನಡೆಯಿತು. ಆದರೆ ಈತನ ಜಂಬ ಸಾಮಾನ್ಯದ್ದಲ್ಲ. ದೊರೆಯನ್ನು ಹೊಗಳುವುದಕ್ಕಿಂತ ತನ್ನನ್ನೇ ಜಾಸ್ತಿ ಹೊಗಳಿಕೊಂಡನೋ ಏನೋ ಅನ್ನಿಸುತ್ತದೆ ನನಗೆ. "ಕುದುರೆ, ಇರುಳು, ಮರಳುಗಾಡು ನನ್ನನ್ನು ಬಲ್ಲವು; ಕತ್ತಿ, ಈಟಿ, ಕಾಗದ, ಲೇಖನಿಯೂ ಬಲ್ಲವು" ಎಂಬುದು ಅವನ ಅತಿ ಹೆಸರಾದ ಸಾಲು. 965ರಲ್ಲಿ ದಾರಿಯಲ್ಲಿ ಶತ್ರುಗಳು ಅಡ್ಡಗಟ್ಟಿದಾಗ ಕವಿ ಓಡಿಹೋಗಲು ನೋಡಿದನಂತೆ. ಜೊತೆಗಿದ್ದ ಆಳು ಇದೇ ಸಾಲನ್ನು ನೆನಪಿಸಿದನಂತೆ. ಮರ್ಯಾದೆಗೆ ಅಂಜಿ ತಿರುಗಿ ನಿಂತು ಸತ್ತ ಎಂದು ಕಥೆ. ಕಥೆ ನಿಜವೋ ಸುಳ್ಳೋ, ಕೊಲೆಯಾದದ್ದಂತೂ ನಿಜ.

ಇನ್ನು ಅರ್ಥದ ಪ್ರಶ್ನೆ. ಪಂಪನನ್ನು ಟಿಪ್ಪಣಿ ಇಲ್ಲದೆ ಓದುವುದು ನಮಗೆ ಕಷ್ಟ. ಮುತನಬ್ಬಿ ಅವರಿಗೆ ಅಷ್ಟು ಕಷ್ಟವಲ್ಲ. ಮನೆಯಲ್ಲಿ ಆಡುವ ಅರಬ್ಬಿ ದೇಶದಿಂದ ದೇಶಕ್ಕೆ ಬೇರೆ, ನಿಜ. ಮೊರಾಕೊದವರ ಮಾತು ಇರಾಕಿನವರಿಗೆ ಸುಲಭವಾಗಿ ತಿಳಿಯುವುದಿಲ್ಲ. ಆದರೆ ಶಾಲೆ, ಪತ್ರಿಕೆ, ಟಿವಿ ವಾರ್ತೆಯ ಭಾಷೆ ಎಲ್ಲೆಡೆ ಒಂದೇ. ಅದನ್ನು ಫುಸ್‌ಹಾ ಅನ್ನುತ್ತಾರೆ. ಅದರ ವ್ಯಾಕರಣ ಎಂಟನೇ ಶತಮಾನದಲ್ಲಿ ಕಟ್ಟಿದ ಚೌಕಟ್ಟಿನಿಂದ ಹೆಚ್ಚು ಕದಲಿಲ್ಲ.

ಆ ಚೌಕಟ್ಟು ಹೇಗೆ ಬಂತು ಎನ್ನುವುದೇ ಸ್ವಾರಸ್ಯ. ಕುರಾನಿನ ಪದಗಳ ಅರ್ಥ ಖಚಿತ ಮಾಡಿಕೊಳ್ಳಲು ವಿದ್ವಾಂಸರಿಗೆ ಸಾಕ್ಷಿ ಬೇಕಿತ್ತು. ಸಾಕ್ಷಿ ಇದ್ದದ್ದು ಇಸ್ಲಾಮಿಗಿಂತ ಹಿಂದಿನ ಹಾಡುಗಳಲ್ಲಿ, ಮರಳುಗಾಡಿನ ಅಲೆಮಾರಿಗಳ ನಾಲಿಗೆಯಲ್ಲಿ. ಹೀಗಾಗಿ ಮದಿರೆ, ಮೋಹ, ಕುದುರೆ, ಕಾದಾಟಗಳ ಕವಿತೆಗಳನ್ನು ಧರ್ಮದ ಪಂಡಿತರೇ ಕುಳಿತು ಬರೆದಿಟ್ಟರು. ಬಸ್ರಾ ನಗರದ ಖಲೀಲ್ ಇಬ್ನ್ ಅಹ್ಮದ್ ಆ ಹಾಡುಗಳ ಓಟವನ್ನು ಅಳೆದು ಹದಿನೈದು ಛಂದಸ್ಸು ಗುರುತಿಸಿದ. ಹದಿನಾರನೆಯದು ಆಮೇಲೆ ಸೇರಿತು. ಅವನ ಶಾಸ್ತ್ರದಲ್ಲಿ ಒಂದು ಪದ್ಯಕ್ಕೆ "ಬೈತ್", ಅಂದರೆ ಮನೆ ಅಥವಾ ಡೇರೆ. ಅದರ ಅರ್ಧಕ್ಕೆ "ಮಿಸ್ರಾ", ಅಂದರೆ ಎರಡು ಬಾಗಿಲಲ್ಲಿ ಒಂದು. ಒಳಗಿನ ಮಾತ್ರೆಯ ತುಂಡುಗಳಿಗೆ "ಸಬಬ್", "ವತದ್": ಹಗ್ಗ, ಗೂಟ. ಅಲೆಮಾರಿಗಳ ಹಾಡಿಗೆ ಅವರ ಡೇರೆಯ ಹೆಸರುಗಳನ್ನೇ ಇಟ್ಟಿದ್ದಾನೆ.

ಪ್ರಶ್ನೆ: ಏಳು ಹಳೆಯ ಕವಿತೆಗಳನ್ನು ಚಿನ್ನದ ಅಕ್ಷರದಲ್ಲಿ ಬರೆಸಿ ಕಾಬಾಕ್ಕೆ ತೂಗುಹಾಕಿದ್ದರು ಎಂದು ಓದಿದ್ದೆ. ನಿಜವೇ? (ಧಾರವಾಡದ ಒಬ್ಬ ಶಿಕ್ಷಕಿ)

ಉತ್ತರ: ಹೆಚ್ಚಿನ ವಿದ್ವಾಂಸರು ಒಪ್ಪುವುದಿಲ್ಲ. ಆ ಏಳು ಕವಿತೆಗಳಿಗಿರುವ "ಮುಅಲ್ಲಕಾತ್" ಎಂಬ ಹೆಸರಿಗೆ "ತೂಗುಹಾಕಿದವು" ಎಂಬ ಅರ್ಥವೂ ಬರುತ್ತದೆ. ಹೆಸರಿಗೆ ತಕ್ಕಂತೆ ಕಥೆ ಹುಟ್ಟಿರಬೇಕು. ಏಳನ್ನು ಒಟ್ಟುಮಾಡಿದವನು ಎಂಟನೇ ಶತಮಾನದ ಹಮ್ಮಾದ್ ಎಂದು ಹೇಳುತ್ತಾರೆ. ಕವಿತೆಗಳು ಆರನೇ ಶತಮಾನದ ಸುಮಾರಿನವು. 1926ರಲ್ಲಿ ಈಜಿಪ್ಟಿನ ತಾಹಾ ಹುಸೇನ್, ಇಸ್ಲಾಂಪೂರ್ವದ್ದು ಎನ್ನುವ ಕಾವ್ಯದಲ್ಲಿ ಬಹುಪಾಲು ಆಮೇಲೆ ಕಟ್ಟಿದ್ದು ಎಂದು ಬರೆದು ದೊಡ್ಡ ಗದ್ದಲವೆಬ್ಬಿಸಿದರು. ಇಂದು ಅಷ್ಟು ದೂರ ಹೋಗುವವರು ಕಡಿಮೆ.

ನನ್ನ ಕೇಳಿದರೆ ಚಿನ್ನದ ಅಕ್ಷರ ಬಿಡಿ, ಆ ಏಳರಲ್ಲಿ ಒಂದನ್ನು ಬರೆದ ಇಮ್ರುಲ್ ಕೈಸನ ಮೊದಲ ಪದ ನೋಡಿ. "ಕಿಫಾ", ಅಂದರೆ "ನೀವಿಬ್ಬರೂ ನಿಲ್ಲಿ". ಪ್ರಯಾಣದ ನಡುವೆ ಕವಿ ಇಬ್ಬರು ಗೆಳೆಯರನ್ನು ತಡೆದು ನಿಲ್ಲಿಸುತ್ತಾನೆ. ಮುಂದೆ ಪ್ರಿಯೆಯ ಬಿಡಾರವಿದ್ದ ಜಾಗ. ಡೇರೆ ಕಿತ್ತು ಹೋಗಿದ್ದಾರೆ. ಉಳಿದದ್ದು ಮರಳಿನ ಗುರುತು, ಮೆಣಸಿನ ಕಾಳಿನಂತೆ ಚೆಲ್ಲಿದ ಜಿಂಕೆಯ ಹಿಕ್ಕೆ. ಹಿಕ್ಕೆಯನ್ನು ಕಂಡು ಅಳುವ ಪ್ರೇಮಿ! ಮುಂದಿನ ಶತಮಾನಗಳ ಕವಿಗಳು, ಬಾಗ್ದಾದಿನ ಮಹಲಿನಲ್ಲಿ ಕೂತವರು ಕೂಡ, ಹೀಗೇ ಖಾಲಿ ಬಿಡಾರದ ಮುಂದೆ ನಿಂತು ಅತ್ತು ಕವಿತೆ ಶುರು ಮಾಡಿದರು. ಬಾಗ್ದಾದಿನ ಕವಿ ಅಬೂ ನುವಾಸ್ ಮಾತ್ರ ಇವರನ್ನು ಗೇಲಿ ಮಾಡಿ, ಹೆಂಡದಂಗಡಿಯ ದಾರಿ ಕೇಳಿದ.

ಪ್ರಶ್ನೆ: ನಮ್ಮ ಪಂಚತಂತ್ರವನ್ನು ಅರಬರು ತಮ್ಮದು ಮಾಡಿಕೊಂಡರು ಎಂದು ವಾಟ್ಸಾಪ್‌ನಲ್ಲಿ ಬಂದಿತ್ತು. ದುರ್ಗಸಿಂಹನ ಕನ್ನಡ ಪಂಚತಂತ್ರಕ್ಕೂ ಅದಕ್ಕೂ ಸಂಬಂಧ ಇದೆಯೇ?

ಉತ್ತರ: "ತಮ್ಮದು ಮಾಡಿಕೊಂಡರು" ಎಂಬುದು ತಪ್ಪು ಮಾತು. ಪುಸ್ತಕ ಭಾರತದಿಂದ ಬಂದದ್ದು ಎಂದು ಅರಬ್ಬಿ ಪುಸ್ತಕವೇ ಸಾರಿ ಹೇಳುತ್ತದೆ. ಆರನೇ ಶತಮಾನದಲ್ಲಿ ಇರಾನಿನ ದೊರೆ ಅನೂಶಿರ್ವಾನ್ ತನ್ನ ವೈದ್ಯ ಬುರ್ಜೋಯನನ್ನು ಇಲ್ಲಿಗೆ ಕಳಿಸಿದ, ಆತ ಅದನ್ನು ಪಹ್ಲವಿ ಭಾಷೆಗೆ ತಂದ ಎಂಬುದು ಅದರ ಮುನ್ನುಡಿಯಲ್ಲೇ ಇದೆ. ಎಂಟನೇ ಶತಮಾನದಲ್ಲಿ ಇಬ್ನುಲ್ ಮುಕಫ್ಫ ಅದನ್ನು ಅರಬ್ಬಿಗೆ ತಿರುಗಿಸಿದ. ಕಥೆಯ ಎರಡು ನರಿಗಳಲ್ಲಿ ಕರಟಕ "ಕಲೀಲ" ಆದ, ದಮನಕ "ದಿಮ್ನ" ಆದ. ಪುಸ್ತಕದ ಹೆಸರೂ ಅದೇ, "ಕಲೀಲ ವ ದಿಮ್ನ".

ನನಗೆ ತುಂಬಾ ಇಷ್ಟವಾಗುವುದು ಮುಕಫ್ಫ ಮಾಡಿದ ಒಂದು ಸೇರ್ಪಡೆ. ಸಂಸ್ಕೃತದ ಕಥೆಯಲ್ಲಿ ದಮನಕ ಸಿಂಹಕ್ಕೂ ಎತ್ತಿಗೂ ಜಗಳ ಹಚ್ಚಿ, ಎತ್ತನ್ನು ಕೊಲ್ಲಿಸಿ, ಆರಾಮಾಗಿ ಮಂತ್ರಿಯಾಗಿ ಉಳಿಯುತ್ತಾನೆ. ಅರಬ್ಬಿಯಲ್ಲಿ ಮುಂದೆ ಇನ್ನೊಂದು ಅಧ್ಯಾಯವಿದೆ. ದಿಮ್ನನ ವಿಚಾರಣೆ ನಡೆಯುತ್ತದೆ, ಸಾಕ್ಷಿ ಹೇಳಿಸುತ್ತಾರೆ, ಅವನು ವಕೀಲರನ್ನು ಮೀರಿಸುವಂತೆ ವಾದ ಮಾಡುತ್ತಾನೆ, ಕೊನೆಗೆ ಸೆರೆಯಲ್ಲೇ ಸಾಯುತ್ತಾನೆ. ಈ ಅಧ್ಯಾಯ ಮುಕಫ್ಫನದೇ ಎಂದು ಬಹುಮಂದಿ ನಂಬುತ್ತಾರೆ. ವಿಚಿತ್ರ ಏನೆಂದರೆ, ನರಿಗೆ ವಿಚಾರಣೆ ಕೊಟ್ಟ ಲೇಖಕನಿಗೆ ಸ್ವತಃ ವಿಚಾರಣೆ ಸಿಗಲಿಲ್ಲ. ಇನ್ನೂ ಹರೆಯದಲ್ಲಿದ್ದಾಗಲೇ ಬಸ್ರಾದ ಅಧಿಕಾರಿಯೊಬ್ಬ ಅವನನ್ನು ಕ್ರೂರವಾಗಿ ಕೊಲ್ಲಿಸಿದ.

ದುರ್ಗಸಿಂಹನ ಪಂಚತಂತ್ರ ಬಂದದ್ದು ಸುಮಾರು 1031ರಲ್ಲಿ, ಚಾಲುಕ್ಯ ಜಯಸಿಂಹನ ಕಾಲದಲ್ಲಿ. ಅದು ಅರಬ್ಬಿಯಿಂದ ಬಂದದ್ದಲ್ಲ. ತಾನು ವಸುಭಾಗ ಭಟ್ಟನ ಸಂಸ್ಕೃತ ಪಂಚತಂತ್ರವನ್ನು ಹಿಡಿದೆ ಎಂದು ಅವನೇ ಹೇಳಿದ್ದಾನೆ. ಹಾಗಾಗಿ ಇವೆರಡೂ ದಾಯಾದಿಗಳು: ಅಜ್ಜನ ಮನೆ ಒಂದೇ, ಊರು ಬೇರೆ. ಅರಬ್ಬಿ ದಾಯಾದಿ ಬಹಳ ದೂರ ಹೋಯಿತು. 1251ರ ಹೊತ್ತಿಗೆ ಸ್ಪೇನಿನ ಕ್ಯಾಸ್ಟೈಲಿನ ಭಾಷೆಗೆ, ಹೀಬ್ರೂ ಮೂಲಕ ಲ್ಯಾಟಿನ್‌ಗೆ, ಅಲ್ಲಿಂದ ಯೂರೋಪಿನ ಎಲ್ಲ ಕಡೆಗೆ. ಫ್ರಾನ್ಸಿನ ನೀತಿಕಥೆಗಾರ ಲಾ ಫೋಂಟೇನ್ 1678ರಲ್ಲಿ ತನ್ನ ಹೊಸ ಕಥೆಗಳಿಗಾಗಿ "ಭಾರತದ ಜ್ಞಾನಿ ಪಿಲ್ಪೈ"ಗೆ ಋಣಿ ಎಂದು ಬರೆದ. ಆ ಪಿಲ್ಪೈ ಬೇರೆ ಯಾರೂ ಅಲ್ಲ, ಅರಬ್ಬಿ ಪುಸ್ತಕದಲ್ಲಿ ಕಥೆ ಹೇಳುವ ಬಿದ್‌ಪಾಯ್.

ಪ್ರಶ್ನೆ: ಅಲ್ಲಾವುದ್ದೀನ್ ಮತ್ತು ಅದ್ಭುತ ದೀಪ ಅಸಲಿ ಅರಬ್ಬಿ ಕಥೆಯಲ್ಲ ಎಂದು ಮಗಳು ವಾದಿಸುತ್ತಾಳೆ. ಯಾರು ಸರಿ?

ಉತ್ತರ: ಮಗಳಿಗೆ ಮುಕ್ಕಾಲು ಅಂಕ. ಫ್ರೆಂಚ್ ಪಂಡಿತ ಗಲಾಂ 1704ರಿಂದ 1717ರವರೆಗೆ "ಸಾವಿರದೊಂದು ರಾತ್ರಿ"ಯನ್ನು ಹನ್ನೆರಡು ಸಂಪುಟಗಳಲ್ಲಿ ಹೊರತಂದ. ಕೈಯಲ್ಲಿದ್ದ ಅರಬ್ಬಿ ಹಸ್ತಪ್ರತಿಯ ಕಥೆಗಳು ಮುಗಿದುಹೋದವು. ಓದುಗರು ಇನ್ನೂ ಬೇಕು ಅನ್ನುತ್ತಿದ್ದರು. 1709ರಲ್ಲಿ ಪ್ಯಾರಿಸ್‌ಗೆ ಬಂದಿದ್ದ ಹನ್ನಾ ದಿಯಾಬ್ ಎಂಬ ಅಲೆಪ್ಪೊದ ಯುವಕ ಅವನಿಗೆ ಹಲವು ಕಥೆ ಹೇಳಿದ. ಅದರಲ್ಲಿ ಅಲ್ಲಾವುದ್ದೀನ್, ಆಲಿಬಾಬಾ ಇಬ್ಬರೂ ಇದ್ದರು. ಅದಕ್ಕಿಂತ ಹಳೆಯ ಅರಬ್ಬಿ ಪ್ರತಿ ಇವೆರಡಕ್ಕೂ ಸಿಕ್ಕಿಲ್ಲ. ಹೇಳಿದವನು ಅಲೆಪ್ಪೊದವನಾದ್ದರಿಂದ ಕಾಲು ಅಂಕ ನಿಮಗೂ ಇರಲಿ.

ಹಿಂದಿನ ಅರಬ್ಬಿ ಪಂಡಿತರಿಗೆ ಆ ಪುಸ್ತಕವೇ ತಾತ್ಸಾರವಾಗಿತ್ತು. ಹತ್ತನೇ ಶತಮಾನದ ಬಾಗ್ದಾದಿನ ಪುಸ್ತಕ ವ್ಯಾಪಾರಿ ಇಬ್ನ್ ನದೀಮ್ ಅದನ್ನು ಹಲವು ಸಲ ಪೂರ್ತಿ ನೋಡಿದ್ದೇನೆ, ಸಪ್ಪೆ ಪುಸ್ತಕ ಎಂದು ಬರೆದಿಟ್ಟಿದ್ದಾನೆ. ಅರಬ್ಬಿಯಲ್ಲಿ ಅದು ಮೊದಲು ಅಚ್ಚಾದದ್ದು ಕೈರೋದಲ್ಲೂ ಅಲ್ಲ, ಬಾಗ್ದಾದಿನಲ್ಲೂ ಅಲ್ಲ. ನಮ್ಮ ಕೋಲ್ಕತ್ತದಲ್ಲಿ, 1814ರಲ್ಲಿ!

ಪ್ರಶ್ನೆ: ಗಜಲ್ ಅರಬ್ಬಿಯೋ, ಪಾರಸಿಯೋ, ಉರ್ದುವೋ? (ರಾಯಚೂರು)

ಉತ್ತರ: ಪದ ಮತ್ತು ಪ್ರೇಮದ ಧಾಟಿ ಅರಬ್ಬಿ. ಏಳನೇ ಶತಮಾನದ ಮೆಕ್ಕಾದ ಉಮರ್ ಇಬ್ನ್ ಅಬೀ ರಬೀಆ ಹಜ್ ಯಾತ್ರೆಗೆ ಬಂದ ಚೆಲುವೆಯರ ಮೇಲೇ ಪದ್ಯ ಬರೆದು ಹೆಸರಾದವನು. ಪ್ರಾಸಕ್ಕೆ ಹೇಳುವ "ಕಾಫಿಯಾ" ಅಲ್ಲಿಯದೇ. ಸಾಲಿನ ಕೊನೆಗೆ ಮರಳಿ ಮರಳಿ ಬರುವ ರದೀಫ್, ಕೊನೆಯ ದ್ವಿಪದಿಯಲ್ಲಿ ಕವಿಯ ಹೆಸರು, ಇವು ಪಾರಸಿ ಕವಿಗಳ ಕೈಯಲ್ಲಿ ನೆಲೆಯಾದವು. ಕನ್ನಡಕ್ಕೆ ಉರ್ದು ಮೂಲಕ ಬಂತು. ದಾರಿ ತೋರಿಸಿದವರು ನಿಮ್ಮ ಜಿಲ್ಲೆಯ ಶಾಂತರಸರೇ ಅಲ್ವಾ? ಮತ್ತೆ ನನ್ನನ್ನು ಕೇಳುತ್ತೀರಿ!

ಪ್ರಶ್ನೆ: ಕವಿತೆ ನನಗೆ ಹಿಡಿಸುವುದಿಲ್ಲ. ನಗಿಸುವ ಹಳೆಯ ಅರಬ್ಬಿ ಪುಸ್ತಕ ಇದ್ದರೆ ಹೇಳಿ.

ಉತ್ತರ: ಅಲ್ ಜಾಹಿಜ್ ಬರೆದ "ಜಿಪುಣರ ಪುಸ್ತಕ". ಒಂಬತ್ತನೇ ಶತಮಾನದ ಬಸ್ರಾದವನು. ಉಬ್ಬಿದ ಕಣ್ಣಿನಿಂದಾಗಿ ಈ ಅಡ್ಡಹೆಸರು. ಇಂಗ್ಲಿಷ್ ಅನುವಾದ ಸಿಗುತ್ತದೆ. ಅದರಲ್ಲಿ ಮರ್ವ್ ಎಂಬ ಊರಿನ ಜುಗ್ಗರ ಕಥೆಗಳದ್ದೇ ಒಂದು ಭಾಗ. ಒಬ್ಬ ಸಾಕ್ಷಿ ಹೇಳುತ್ತಾನೆ: ಯಾವ ಊರಿಗೆ ಹೋದರೂ ಹುಂಜ ಕಾಳು ಹೆಕ್ಕಿ ಹೇಂಟೆಯ ಮುಂದೆ ಹಾಕುತ್ತದೆ. ಮರ್ವ್‌ನಲ್ಲಿ ಮಾತ್ರ ಹೇಂಟೆಯ ಕೊಕ್ಕಿನಿಂದಲೇ ಕಿತ್ತುಕೊಳ್ಳುತ್ತದೆ. ಆಗ ತಿಳಿಯಿತು, ಜಿಪುಣತನ ಇಲ್ಲಿನ ಜನರಲ್ಲಷ್ಟೇ ಅಲ್ಲ, ನೀರಿನಲ್ಲೇ ಇದೆ ಎಂದು.